ಅತ್ತಿಗೆ ಆಯೋಗದ ಮುಂದೆ ನಿಂತ ಮಳೆಗಾಲ

ಬಿಳಿಕೆರೆ ದಾಟಿದ ಮೇಲೆ ಬಸ್ಸಿನ ಕಿಟಕಿಯಿಂದ ಆ ವಾಸನೆ ಒಳಗೆ ಬಂತು. ಹೊಗೆಸೊಪ್ಪು ಬೇಯುವ ವಾಸನೆ. ಗೊತ್ತಿಲ್ಲದವರಿಗೆ ಆಲೆಮನೆಯ ಹತ್ತಿರ ಬಂದೆವೇನೋ ಅನ್ನಿಸುತ್ತದೆ. ಮೊದಲು ಸಿಹಿ, ಅದರ ಹಿಂದೆಯೇ ಗಂಟಲು ಕೆರೆಯುವ ಘಾಟು. ಪಕ್ಕದಲ್ಲಿ ಕೂತಿದ್ದ ಹೆಂಗಸು ಮಡಿಕೇರಿಗೆ ಹೊರಟವರು. "ಏನ್ರೀ ಇದು, ಎಷ್ಟು ಚೆನ್ನಾಗಿದೆ ವಾಸನೆ!" ಎಂದರು. "ಹೊಗೆಸೊಪ್ಪು" ಎಂದೆ. ಅವರು ತಕ್ಷಣ ಸೆರಗಿನಿಂದ ಮೂಗು ಮುಚ್ಚಿಕೊಂಡರು.

ನನಗೆ ನಗು ಬರಬೇಕಿತ್ತು, ಬರಲಿಲ್ಲ. ಮೈಸೂರಿಗೆ ವರ್ಗವಾಗಿ ಹೋದ ಮೇಲೂ ಪ್ರತಿ ಮಳೆಗಾಲ ಒಂದು ಸಲವಾದರೂ ಈ ದಾರಿಯಲ್ಲಿ ಬರುತ್ತೇನೆ. ಪ್ರತಿ ಸಲವೂ ಈ ವಾಸನೆ ನನ್ನನ್ನು ಹಿಡಿದು ಅದೇ ಒಂದು ವರ್ಷದೊಳಗೆ ಕೂರಿಸುತ್ತದೆ. ಕೇಂದ್ರ ಸರ್ಕಾರದ ವಿಚಾರಣಾ ಆಯೋಗ ನಮ್ಮ ಕಡೆಗೆ ಬಂದ ವರ್ಷ ಅದು.

ಆಗ ನಾನು ಪಿರಿಯಾಪಟ್ಟಣದ ಕಾಲೇಜಿನಲ್ಲಿ ಅರ್ಥಶಾಸ್ತ್ರ ಪಾಠ ಮಾಡುತ್ತಿದ್ದೆ. ಮನೆ ಕಟ್ಟೆಮಳಲವಾಡಿ. ಬೆಳಿಗ್ಗೆ ಬಸ್ಸು ಹಿಡಿದು ಹೋದರೆ ಹೊತ್ತು ಇಳಿಯುವಷ್ಟರಲ್ಲಿ ವಾಪಸು. ಮನೆಯಲ್ಲಿ ಇದ್ದವರು ಮೂವರೇ: ಅಣ್ಣ ನಂಜಪ್ಪ, ಅತ್ತಿಗೆ ಮಾದೇವಮ್ಮ, ನಾನು. ಅವ್ವ ಹೋದಾಗ ನನಗೆ ಬುದ್ಧಿ ಬಲಿತಿರಲಿಲ್ಲ. ಅದೇ ವರ್ಷ ಅಂತರಸಂತೆ ಕಡೆಯಿಂದ ಮದುವೆಯಾಗಿ ಬಂದ ಅತ್ತಿಗೆ ಮೊದಲು ಮಾಡಿದ ಕೆಲಸ ಅಂದರೆ ನನ್ನ ತಲೆಯ ಹೇನು ಬಾಚಿದ್ದು. ಆಮೇಲೆ ನನ್ನನ್ನು ಓದಿಸಲೇಬೇಕೆಂದು ಅಣ್ಣನ ಹತ್ತಿರ ಹಠ ಹಿಡಿದವಳೂ ಅವಳೇ. ಅವಳಿಗೆ ಮಕ್ಕಳಾಗಲಿಲ್ಲ. ಊರಿನವರು ನನ್ನನ್ನೇ ಅವಳ ಮಗಳೆಂದು ಕರೆದು ಬಿಡುತ್ತಿದ್ದರು, ಇಬ್ಬರೂ ತಿದ್ದುತ್ತಿರಲಿಲ್ಲ.

ಕಾಲುವೆ ಕೆಳಗಿನ ಚೂರು ಜಮೀನಿನಲ್ಲಿ ಭತ್ತ, ಮೇಲಿನ ಹೊಲದಲ್ಲಿ ಹೊಗೆಸೊಪ್ಪು. ಮನೆಯ ಹಿಂದೆ ಎತ್ತರದ ಗೋಡೆಯ ಬ್ಯಾರನ್. ಸೊಪ್ಪನ್ನು ಒಳಗೆ ಸಾಲಾಗಿ ನೇತುಹಾಕಿ, ಕೆಳಗೆ ಸೌದೆ ಉರಿಸಿ, ಹಸಿರು ಹೋಗಿ ಹಳದಿಯಾಗುವ ತನಕ ಬೇಯಿಸುವ ಮನೆ ಅದು. ಸೊಪ್ಪು ಮುರಿಯುವ ಕಾಲವೂ ಮಳೆ ಹಿಡಿಯುವ ಕಾಲವೂ ಒಂದೇ. ಜಡಿಮಳೆಯಲ್ಲಿ ನೆಂದ ಸೊಪ್ಪನ್ನು ಹೊರೆ ಹೊರೆಯಾಗಿ ತಂದು ಚಪ್ಪರದಡಿ ಹಾಕುವರು. ಹೆಂಗಸರು ಕೂತು ಅದನ್ನು ಕಡ್ಡಿಗಳಿಗೆ ದಾರದಿಂದ ಕಟ್ಟಬೇಕು. ಅದರ ಅಂಟು ಕೈಗೆ ಹತ್ತಿ ಕಪ್ಪಾಗುತ್ತದೆ. ಏನು ಹಾಕಿ ಉಜ್ಜಿದರೂ ಹೋಗದು. ಆ ಕೈಯಲ್ಲಿ ಉಂಡರೆ ತುತ್ತೆಲ್ಲ ಕಹಿ. ಹಾಗಾಗಿ ಆ ದಿನಗಳಲ್ಲಿ ಅತ್ತಿಗೆಗೆ ನಾನೇ ತುತ್ತು ಮಾಡಿ ಬಾಯಿಗೆ ಇಡುತ್ತಿದ್ದೆ. "ನಾನಿಟ್ಟ ತುತ್ತೆಲ್ಲಾನೂ ವಾಪಸ್ ಕೊಡ್ತಾವ್ಳೆ ನೋಡಿ" ಎಂದು ಅವಳು ಅಣ್ಣನಿಗೆ ಹೇಳಿ ನಗುತ್ತಿದ್ದಳು.

ಅಣ್ಣ ಬೆಳೆಗಾರರ ಸಂಘದ ಮುಂದಾಳು. ದೆಹಲಿಯ ಮಾತು ವರ್ಷಕ್ಕೊಂದು ಥರ ಇರುತ್ತಿತ್ತು. ಒಂದು ವರ್ಷ ಹೆಚ್ಚು ಬೆಳೆಯಿರಿ, ಪರದೇಶಕ್ಕೆ ಬೇಕು ಅನ್ನುವರು. ಮರುವರ್ಷ ಕಡಿಮೆ ಮಾಡಿ, ಜನರ ಆರೋಗ್ಯ ಕೆಡುತ್ತಿದೆ ಅನ್ನುವರು. ಒಂದು ಸಲ ಬಂದು ನಮ್ಮನ್ನು ನೋಡಿ, ಕೇಳಿ, ಆಮೇಲೆ ಒಂದೇ ಮಾತು ಹೇಳಿ ಅಂತ ಅಣ್ಣನ ಸಂಘ ಮನವಿಯ ಮೇಲೆ ಮನವಿ ಕಳಿಸುತ್ತಿತ್ತು. ಕೊನೆಗೆ ಆ ವರ್ಷ ಸರ್ಕಾರ ಆಯೋಗ ನೇಮಿಸಿತು. ಈ ಬೆಳೆ ದೇಶಕ್ಕೆ ಬೇಕೇ, ಬೇಡವೇ, ಬೇಡವಾದರೆ ಬೆಳೆಗಾರರ ಗತಿ ಏನು ಎಂದು ವಿಚಾರಿಸಿ ವರದಿ ಕೊಡಬೇಕು. ಸುದ್ದಿ ಬಂದ ದಿನ ಅಣ್ಣ ಹುಣಸೂರಿನಿಂದ ಮೈಸೂರುಪಾಕು ತಂದ.

"ಬತ್ತಾವ್ರೆ ಕಣವ್ವ ಗಿರಿಜಾ! ಡೆಲ್ಲಿಯೋರು ನಮ್ಮ ಹೊಲದ ಮಣ್ಣು ತುಳೀತಾವ್ರೆ. ಇನ್ನು ನಮ್ ಮಾತು ಅಲ್ಲಿಗೆ ಮುಟ್ಟುತ್ತೆ."

ನಾನೂ ನಂಬಿದೆ. ಸರ್ಕಾರ ಆರ್ಥಿಕ ನೀತಿ ರೂಪಿಸುವಾಗ ಆಯೋಗಗಳ ಪಾತ್ರವೇನು ಎಂಬುದು ಮಕ್ಕಳಿಗೆ ನಾನು ಪ್ರತಿವರ್ಷ ಬರೆಸುತ್ತಿದ್ದ ಪಾಠ. ಆಯೋಗ ಊರೂರಿಗೆ ಹೋಗಿ ಕೇಳುತ್ತದೆ, ಕೇಳಿದ್ದನ್ನು ತೂಗುತ್ತದೆ, ಶಿಫಾರಸು ಮಾಡುತ್ತದೆ, ಸರ್ಕಾರ ಅದನ್ನು ಕಾನೂನೋ ಯೋಜನೆಯೋ ಆಗಿಸುತ್ತದೆ. ಕಪ್ಪುಹಲಗೆಯ ಮೇಲೆ ಬಾಣದ ಗುರುತು ಹಾಕಿ ತೋರಿಸುತ್ತಿದ್ದೆ.

ಒಂದು ದಿನ ತಾಲ್ಲೂಕು ಕಚೇರಿಯಿಂದ ಕಾಲೇಜಿಗೆ ಕರೆ ಬಂತು. ಆಯೋಗಕ್ಕೆ ದುಭಾಷಿ ಬೇಕು, ಅರ್ಥಶಾಸ್ತ್ರ ಗೊತ್ತಿರುವ, ಈ ಕಡೆಯ ಮಾತೂ ಬರುವ ಒಬ್ಬರು ಸಿಕ್ಕರೆ ಒಳ್ಳೆಯದು ಎಂದರು. ಪ್ರಾಂಶುಪಾಲರು ನನ್ನ ಹೆಸರು ಕೊಟ್ಟಿದ್ದರು. ನನ್ನ ಅಣ್ಣನೇ ಸಂಘದ ಮುಂದಾಳು ಎಂದು ಹೇಳಿಯೇ ಒಪ್ಪಿಕೊಂಡೆ. ಆಯೋಗದ ಕಾರ್ಯದರ್ಶಿ ತಲೆ ಕೆಡಿಸಿಕೊಳ್ಳಲಿಲ್ಲ. ಅವರು ಹೇಳಿದ್ದು ಒಂದೇ ನಿಯಮ: "ಅವರು ಹೀಗೆ ಹೇಳುತ್ತಿದ್ದಾರೆ ಅನ್ನಬೇಡಿ. ಅವರು ನಾನು ಅಂದರೆ ನೀವೂ ನಾನು ಅನ್ನಿ. ಕೂಡಿಸಬೇಡಿ, ಕಳೆಯಬೇಡಿ."

ಅಧ್ಯಕ್ಷರು ನಿವೃತ್ತ ನ್ಯಾಯಮೂರ್ತಿ, ಉತ್ತರದ ಕಡೆಯವರು. ವಯಸ್ಸಾಗಿತ್ತು. ಕೊಡೆ ಊರಿಕೊಂಡು ಕೆಸರಿನಲ್ಲಿ ನಡೆಯುತ್ತಿದ್ದರು. ಎದುರು ಬಂದವರ ಹೆಸರು ಕೇಳಿ, ತಾವೂ ಉಚ್ಚರಿಸಿ, ಸರಿಯಾಯಿತೇ ಎಂದು ಕೇಳುವರು. ವೀರನಹೊಸಹಳ್ಳಿಯ ಹತ್ತಿರ ಕಾಡಂಚಿನಲ್ಲಿ ಸೌದೆ ಹೊತ್ತು ಬರುತ್ತಿದ್ದ ಹೆಂಗಸರನ್ನು ನಿಲ್ಲಿಸಿ, ಆ ಹೊರೆಯ ಭಾರವೆಷ್ಟು ನೋಡೋಣ ಎಂದು ಎತ್ತಲು ಹೋಗಿ ಆಗದೆ ನಕ್ಕರು. ಹೆಂಗಸರೂ ನಕ್ಕರು. ಕೆ.ಆರ್. ನಗರ, ಹೆಗ್ಗಡದೇವನಕೋಟೆ, ಪಿರಿಯಾಪಟ್ಟಣ ಎಲ್ಲ ಕಡೆ ಸುತ್ತಿದೆವು. ಅವರು ಒಳ್ಳೆಯವರಾಗಿದ್ದರು. ಈ ಕಥೆಯಲ್ಲಿ ಕೆಟ್ಟವರು ಯಾರೆಂದು ನಾನು ಇವತ್ತಿಗೂ ಹುಡುಕುತ್ತಿದ್ದೇನೆ, ಒಬ್ಬರೂ ಸಿಕ್ಕಿಲ್ಲ.

ಹುಣಸೂರಿನ ವಿಚಾರಣೆಯ ಹಿಂದಿನ ಸಂಜೆ ಅತ್ತಿಗೆ ಸೊಪ್ಪು ಕಟ್ಟುತ್ತ ಕೇಳಿದಳು, "ಅವ್ರು ಎಂಗಸ್ರನ್ನೂ ಕೇಳ್ತಾರಾ ಗಿರಿಜಾ?"

"ಕೇಳ್ತಾರೆ. ಯಾರು ಬೇಕಾದ್ರೂ ಎದ್ದು ಮಾತಾಡ್ಬೋದು. ಯಾಕೆ?"

"ಸುಮ್ನೆ ಕೇಳ್ದೆ ಕಣವ್ವ."

ಅಷ್ಟೇ ಅಂದಳು. ಎದ್ದು ಚಪ್ಪರದ ಆಚೆ ಹೋಗಿ ವಾಂತಿ ಮಾಡಿಕೊಂಡು ಬಂದು ಮತ್ತೆ ಕೂತಳು. ಒದ್ದೆ ಸೊಪ್ಪು ಮುಟ್ಟಿದಾಗೆಲ್ಲ ಹಾಗಾಗುತ್ತಿತ್ತು. ನಮ್ಮ ಮನೆಯಲ್ಲಿ ಅದನ್ನು ಯಾರೂ ಕಾಯಿಲೆ ಅಂದುಕೊಂಡಿರಲಿಲ್ಲ.

ವಿಚಾರಣೆ ನಡೆದದ್ದು ಒಂದು ಕಲ್ಯಾಣಮಂಟಪದಲ್ಲಿ. ವಧೂವರರು ಕೂರುವ ಕಡೆ ಮೇಜು ಹಾಕಿ ಆಯೋಗ ಕೂತಿತ್ತು. ಕೆಳಗೆ ನಾಲ್ಕೂ ತಾಲ್ಲೂಕಿನ ಜನ, ಒದ್ದೆ ಕೊಡೆಗಳು, ಒದ್ದೆ ಟವೆಲುಗಳು. ಹೊರಗೆ ಮಳೆ ಹಿಡಿದಿತ್ತು. ಏನು ಹೇಳಬೇಕೆಂದು ಸಂಘದವರು ಮೊದಲೇ ಮಾತಾಡಿಕೊಂಡಿದ್ದರು. ಬೆಳೆ ಬೇಕು, ಸೊಪ್ಪು ಬೆಳೆಯಲು ಸರ್ಕಾರ ಕೊಡುವ ಲೈಸೆನ್ಸ್ ಎಲ್ಲರಿಗೂ ಸಿಗಬೇಕು, ಬೆಲೆ ನಿಲ್ಲಬೇಕು. ಅಣ್ಣ ಚೆನ್ನಾಗಿ ಮಾತಾಡಿದ. ಅವನ ಗೆಳೆಯ ಸಿದ್ದಲಿಂಗಣ್ಣ ಹೊಸದಾಗಿ ಬ್ಯಾರನ್ ಕಟ್ಟಿಸಿ, ಲೈಸೆನ್ಸಿಗಾಗಿ ಕಾಯುತ್ತಿದ್ದವನು, ಮಾತು ಮುಗಿಸದೆಯೇ ಕೂತುಬಿಟ್ಟ. ನಾನು ಒಬ್ಬೊಬ್ಬರ 'ನಾನು' ಅನ್ನೂ ನನ್ನ ಬಾಯಿಗೆ ತೆಗೆದುಕೊಂಡು ಇಂಗ್ಲಿಷಿನಲ್ಲಿ ಹೇಳುತ್ತ ಹೋದೆ.

ಊಟದ ಹೊತ್ತು ಹತ್ತಿರವಾಗಿತ್ತು. ಹೆಂಗಸರ ಸಾಲಿನಿಂದ ಅತ್ತಿಗೆ ಎದ್ದಳು.

"ಸ್ವಾಮಿ, ನಾನೂ ಒಂದು ಮಾತು ಯೋಳ್ಬೋದಾ?"

ಅಣ್ಣ ತಿರುಗಿ ನೋಡಿದ. ಹೆಂಡತಿಯೂ ಸಂಘದ ಪರವಾಗಿ ನಾಲ್ಕು ಮಾತು ಹೇಳುತ್ತಾಳೆ ಅಂದುಕೊಂಡನೇನೋ, ಮುಖದಲ್ಲಿ ಸಂತೋಷವಿತ್ತು. ಅಧ್ಯಕ್ಷರು ಅವಳ ಹೆಸರು ಕೇಳಿ, "ಮಾದೇವಮ್ಮ" ಎಂದು ಸರಿಯಾಗಿ ಅಂದು, ಹೇಳಿ ಎಂದರು.

"ಸೊಪ್ಪು ಬ್ಯಾಡ ಅನ್ನಕ್ಕೆ ನಾನು ಎದ್ದಿಲ್ಲ. ಈ ಸೊಪ್ಪೇ ನಮ್ಗೆ ಮನೆ ಕಟ್ಕೊಟ್ಟಿದ್ದು. ಅಲ್ ನಿಂತವ್ಳಲ್ಲ, ನನ್ ನಾದಿನಿ, ಅವ್ಳನ್ನ ಓದಿಸಿದ್ದೂ ಸೊಪ್ಪೇಯ. ಆದ್ರೆ ಯಾವತ್ತಾದ್ರೂ ಯಾರಾದ್ರೂ ನಮ್ಮನ್ನ ಕೇಳ್ತಾರಾ ಅಂತ ಕಾಯ್ತಿದ್ದೆ. ಮಳೇಲಿ ನೆಂದ ಸೊಪ್ಪು ಕಟ್ಟಿದ್ರೆ ತಲೆ ಸುತ್ತುತ್ತೆ, ವಾಂತಿ ಬತ್ತದೆ. ಇಲ್ ಕುಂತಿರೋ ಎಂಗಸ್ರಿಗೆಲ್ಲಾ ಗೊತ್ತು. ನಂಗೆ ಎರಡು ಸಲ ಬಸ್ರು ನಿಂತಿತ್ತು ಸ್ವಾಮಿ. ಎರಡೂ ಸೊಪ್ಪು ಕಟ್ಟೋ ಕಾಲ್ದಾಗೇ ಹೋಯ್ತು. ಸೊಪ್ಪಿನಿಂದ್ಲೇ ಹೋಯ್ತೋ, ನನ್ ಹಣೇಲಿ ಬರ್ದಿದ್ದಿಕ್ಕೆ ಹೋಯ್ತೋ, ನಂಗೊತ್ತಿಲ್ಲ. ಯಾರೂ ಕೇಳ್ನಿಲ್ಲ, ನಾನೂ ಯೋಳ್ನಿಲ್ಲ."

ನಿಲ್ಲಿಸಿ ನನ್ನ ಕಡೆ ನೋಡಿದಳು. ನಾನು ಹೇಳಬೇಕಿತ್ತು. ಕೂಡಿಸದೆ, ಕಳೆಯದೆ. ಮದುವೆಯಾಗದ ನಾನು ಆ ಮಂಟಪದಲ್ಲಿ, ಅಣ್ಣನ ಎದುರು, ನನಗೆ ಎರಡು ಸಲ ಬಸುರು ನಿಂತಿತ್ತು, ಎರಡೂ ಹೋಯಿತು ಎಂದು ಇಂಗ್ಲಿಷಿನಲ್ಲಿ ಹೇಳಿದೆ. ನನ್ನ ದನಿ ನನಗೇ ಬೇರೆ ಯಾರದ್ದೋ ಅನ್ನಿಸಿತು. ನಾನು ಶಾಲೆಗೆ ಹೋಗುತ್ತಿದ್ದ ಕಾಲದಲ್ಲಿ ಅತ್ತಿಗೆ ಹೊಟ್ಟೆನೋವೆಂದು ಒಳಮನೆಯಲ್ಲಿ ಗೋಡೆ ಕಡೆ ತಿರುಗಿ ಮಲಗಿದ್ದ ದಿನಗಳು ಆಗ ಅರ್ಥವಾದವು.

ಅತ್ತಿಗೆ ಮುಂದುವರಿಸಿದಳು. "ನೀವು ದೊಡ್ಡೋರು. ಬೇರೆ ಬೆಳೆ ತೋರ್ಸಿ. ಅದ್ನ ಕೊಳ್ಳೋರ್ನೂ ತೋರ್ಸಿ. ನಾಳೆನೇ ಬುಡ್ತೀವಿ. ಅದ್ನ ತೋರಿಸ್ದೆ ಸೊಪ್ಪು ಬುಡಿ ಅಂತ ಮಾತ್ರ ಅನ್ಬ್ಯಾಡಿ. ನಾವು ಸತ್ತೋಯ್ತೀವಿ."

ಅದನ್ನೂ ಹೇಳಿದೆ, ಒಂದು ಪದ ಬಿಡದೆ. ಅಧ್ಯಕ್ಷರು ಕನ್ನಡಕ ತೆಗೆದು ಒರೆಸಿಕೊಂಡರು. ಊಟಕ್ಕೆ ಏಳುವಾಗ ಮೆಟ್ಟಿಲಿಳಿದು ಅತ್ತಿಗೆಯ ಹತ್ತಿರ ಬಂದು ಕೈಮುಗಿದು, ನನ್ನ ಮೂಲಕ ಹೇಳಿದರು: "ಅಮ್ಮ, ನಿಮ್ಮ ಮಾತು ವ್ಯರ್ಥವಾಗಲು ನಾನು ಬಿಡುವುದಿಲ್ಲ." ಅವರು ಆ ಮಾತು ಉಳಿಸಿಕೊಂಡರು. ಆಮೇಲೆ ಆದದ್ದೆಲ್ಲ ಅದರಿಂದಲೇ.

ಅಣ್ಣ ಊಟಕ್ಕೆ ನಿಲ್ಲಲಿಲ್ಲ. ನಾವು ಮನೆಗೆ ಬಂದಾಗ ಬ್ಯಾರನ್ನಿನ ಬಾಯಿಗೆ ಸೌದೆ ತಳ್ಳುತ್ತ ಕುಕ್ಕರುಗಾಲಲ್ಲಿ ಕೂತಿದ್ದ. ಅತ್ತಿಗೆ ಸೀರೆ ಬದಲಿಸಿ ಬಂದು ಚಪ್ಪರದಡಿ ಕೂತು ಸೊಪ್ಪಿಗೆ ಕೈ ಹಾಕಿದಳು. ಅಣ್ಣ ಎದ್ದು ಬಂದು ಅವಳ ಕೈಯಿಂದ ಕಡ್ಡಿ ಕಿತ್ತುಕೊಂಡ.

"ನೀನು ಇನ್ಮೇಕೆ ಸೊಪ್ಪು ಮುಟ್ಬ್ಯಾಡ."

"ಯಾರು ಕಟ್ತಾರೆ ಮತ್ತೆ?"

"ನಾನ್ ಕಟ್ತೀನಿ."

ಸಿಟ್ಟಿಗೆ ಹೇಳಿದನೋ, ಮರುಕಕ್ಕೆ ಹೇಳಿದನೋ, ನನಗೆ ತಿಳಿಯಲಿಲ್ಲ. ಅತ್ತಿಗೆಗೂ ತಿಳಿಯಲಿಲ್ಲ. ಅವನು ಅವಳ ಮುಖ ನೋಡದೆ ಹೇಳಿದ್ದ. ಆವತ್ತಿನಿಂದ ಅವನು ಕಡ್ಡಿಗೆ ಸೊಪ್ಪು ಕಟ್ಟಲು ಕೂತ. ಗಂಡಸರು ಮಾಡಿ ಅಭ್ಯಾಸವಿಲ್ಲದ ಕೆಲಸ. ದಾರ ಸಡಿಲವಾಗಿ ಸೊಪ್ಪು ಜಾರುವುದು. ಹೊಲದಲ್ಲಿ ಎಲೆ ಮಾಗಿ ಮಾಗಿ ಮಚ್ಚೆ ಬೀಳತೊಡಗಿತು. ನಮ್ಮನೆಗೆ ಸೊಪ್ಪು ಕಟ್ಟಲು ಬರುತ್ತಿದ್ದ ಹೆಂಗಸರೂ ಒಬ್ಬೊಬ್ಬರಾಗಿ ಬರುವುದನ್ನು ನಿಲ್ಲಿಸಿದರು. ಯಾಕೆಂದರೆ ಅಷ್ಟರಲ್ಲಿ ಪತ್ರಿಕೆಯಲ್ಲಿ ಸುದ್ದಿ ಬಂದಿತ್ತು: ಹೊಗೆಸೊಪ್ಪು ಬಿಡಲು ಬೆಳೆಗಾರರ ಮನೆಯ ಹೆಂಗಸರೇ ಸಿದ್ಧ ಎಂದು. ಬೇರೆ ಬೆಳೆ ತೋರಿಸಿ ಎಂದದ್ದು ಅದರಲ್ಲಿ ಇರಲಿಲ್ಲ. ಆ ತಲೆಬರಹವನ್ನು ಅಂಗಡಿ ಜಗಲಿಯಲ್ಲಿ ಓದಿದವರು ಓದದವರಿಗೆ ಹೇಳಿದರು.

ನೀರಿಗೆ ಹೋದಾಗ ಅತ್ತಿಗೆಯ ಜೊತೆ ಯಾರೂ ಮಾತಾಡುತ್ತಿರಲಿಲ್ಲ. ಒಬ್ಬಳು ಮಾತ್ರ, ಯಾರೂ ಇಲ್ಲದ್ದು ನೋಡಿ, ಹತ್ತಿರ ಬಂದು "ನಂಗೂ ಅಂಗೇ ಆಗಿತ್ತು ಕಣಕ್ಕ" ಎಂದು ಬಿಂದಿಗೆ ಎತ್ತಿಕೊಂಡು ಹೊರಟುಹೋದಳಂತೆ. ಅತ್ತಿಗೆ ಅದನ್ನು ನನಗೆ ಹೇಳಿ ಒಲೆಗೆ ಸೌದೆ ನೂಕಿದಳು.

ಆಮೇಲಿನ ವಾರವೋ ಅದರ ಆಚೆಯದೋ, ಒಂದು ಮಧ್ಯಾಹ್ನ ಸಂಘದವರು ನಮ್ಮ ಜಗಲಿಗೆ ಬಂದರು. ನಾನು ಕಾಲೇಜಿಗೆ ರಜೆ ಹಾಕಿ ಮನೆಯಲ್ಲಿದ್ದೆ. ಆಯೋಗಕ್ಕೆ ಒಂದು ಮನವಿ ಕಳಿಸಬೇಕು, ಮಾದೇವಮ್ಮನವರ ಹೇಳಿಕೆಯನ್ನು ಲೆಕ್ಕಕ್ಕೆ ತೆಗೆದುಕೊಳ್ಳಬಾರದು ಎನ್ನಬೇಕು ಎಂದರು. ಮಕ್ಕಳಿಲ್ಲದ ದುಃಖದಲ್ಲಿ ಆಕೆಯ ಮನಸ್ಸು ಸ್ಥಿಮಿತದಲ್ಲಿಲ್ಲ, ಆಕೆ ಹೇಳಿದ್ದು ನಿಜವಲ್ಲ ಎಂದು ಒಕ್ಕಣೆ ಮಾಡಿಕೊಂಡೇ ಬಂದಿದ್ದರು. ಅದನ್ನು ಇಂಗ್ಲಿಷಿಗೆ ಮಾಡಿಕೊಡು ಎಂದು ನನ್ನ ಮುಂದೆ ಹಿಡಿದರು. ನಾನು ಕೈಯಲ್ಲೂ ಮುಟ್ಟಲಿಲ್ಲ.

"ನಾನ್ ಮಾಡಲ್ಲ. ಅತ್ತಿಗೆ ಮನಸ್ಸು ನಿಮ್ಮೆಲ್ರಿಗಿಂತ ನೆಟ್ಟಗಿದೆ" ಎಂದೆ.

ಸಿದ್ದಲಿಂಗಣ್ಣ ನನ್ನನ್ನು ಬಿಟ್ಟು ಅಣ್ಣನ ಕಡೆ ತಿರುಗಿದ. ಅವನ ದನಿಯಲ್ಲಿ ಜೋರಿರಲಿಲ್ಲ, ಅಳು ಇತ್ತು. "ನನ್ ಬ್ಯಾರನ್ ಗ್ವಾಡೆಗೆ ಬಳಿದ ಸುಣ್ಣ ಇನ್ನೂ ಆರಿಲ್ಲ ಕಣ್ಲಾ ನಂಜಪ್ಪ. ಲೈಸೆನ್ಸ್ ಕೊಡಲ್ಲ ಅಂದ್ಬುಟ್ರೆ ನಾನೆಲ್ಲಿಗೋಗ್ಲಿ? ಆಯೋಗ ಬರ್ಲಿ ಬರ್ಲಿ ಅಂದೋನು ನೀನೇಯ. ನಿನ್ ಮನೆಯಿಂದ್ಲೇ ಹಿಂಗಾದ್ರೆ ಎಂಗ್ಲಾ? ನೀನ್ ಸೈನ್ ಹಾಕಿದ್ರೆ ಅವ್ರು ನಂಬ್ತಾರೆ. ಗಂಡ ಯೋಳಿದ್ದು ಅಂತ ನಂಬ್ತಾರೆ."

ಅವರೆಲ್ಲರೂ ಅಣ್ಣನಿಗೆ ಬೇಕಾದವರು. ಅವರ ಕಷ್ಟಕ್ಕೆಂದೇ ಅವನು ಅಷ್ಟು ವರ್ಷ ಓಡಾಡಿದ್ದ. ಅಡುಗೆಮನೆಯಲ್ಲಿ ಅತ್ತಿಗೆ ರೊಟ್ಟಿ ತಟ್ಟುವ ಸದ್ದು ಕೇಳುತ್ತಿತ್ತು. ಆ ಸದ್ದು ನಿಂತಿತು. ಅಣ್ಣ ಒಳಗೆ ಹೋಗಿ ಅವಳನ್ನು ಒಂದು ಮಾತು ಕೇಳುತ್ತಾನೆಂದು ನಾನು ಕಾದೆ. ಅವನು ಪೆನ್ನು ತೆಗೆದುಕೊಂಡು ಸಹಿ ಹಾಕಿದ.

ಅವರೆಲ್ಲ ಹೋದ ಮೇಲೆ ಅತ್ತಿಗೆ ರೊಟ್ಟಿ ತಟ್ಟುವುದನ್ನು ಮುಗಿಸಿದಳು. ಅಣ್ಣನಿಗೆ ಬಡಿಸಿದಳು. ಅವನು ಉಣ್ಣಲಾರದೆ ಎದ್ದು ಹೊಲದ ಕಡೆ ಹೋದ. ಅವಳು ಒಂದು ಕೈಚೀಲಕ್ಕೆ ಬಟ್ಟೆ ತುಂಬಿಕೊಂಡಳು. ನಾನು ಚೀಲ ಹಿಡಿದು ಎಳೆದೆ.

"ಸಿಟ್ನಲ್ಲಿ ಹೋಗ್ಬೇಡ ಅತ್ತಿಗೆ. ಅವ್ನು ಬಾಯ್ಬಿಟ್ಟು ಹೇಳಲ್ಲ, ಆದ್ರೆ ಅವ್ನಿಗೂ..."

"ಸಿಟ್ಟಿಲ್ಲ ಕಣವ್ವ. ಅವ್ರು ಊರಿಗೋಸ್ಕರ ಮಾಡವ್ರೆ, ನಂಗೂ ಗೊತ್ತು." ಚೀಲವನ್ನು ನನ್ನ ಕೈಯಿಂದ ಮೆಲ್ಲಗೆ ಬಿಡಿಸಿಕೊಂಡಳು. "ಆದ್ರೆ ನಾನ್ ಯೋಳಿದ್ದು ಸುಳ್ಳು ಅಂದ್ರೆ ಆ ಎರಡು ಮಕ್ಳೂ ಸುಳ್ಳಾಯ್ತವೆ ಕಣವ್ವ. ಅಂಗಂತ ಬರ್ಕೊಟ್ಟ ಮನೇಲಿ ನಾನೆಂಗಿರ್ಲಿ?"

ನಾನೇ ಅವಳನ್ನು ತವರಿನ ಕಡೆಯ ಬಸ್ಸಿಗೆ ಹತ್ತಿಸಿದೆ. ಹೆಗ್ಗಡದೇವನಕೋಟೆಯ ತನಕ ಬರುತ್ತೇನೆಂದರೂ ಬಿಡಲಿಲ್ಲ. ಅವಳ ಕೈಯ ಕಪ್ಪು ಆಗ ಪೂರ್ತಿ ಹೋಗಿತ್ತು. ಮಳೆಗಾಲದಲ್ಲಿ ಅವಳ ಅಂಗೈ ಅಷ್ಟು ಬೆಳ್ಳಗಿದ್ದುದನ್ನು ನಾನು ನೋಡಿದ್ದು ಆ ಒಂದೇ ಸಲ.

ಆ ವರ್ಷದ ಸೊಪ್ಪಿನಲ್ಲಿ ಅರ್ಧ ಹೊಲದಲ್ಲೇ ಕೊಳೆಯಿತು.

ವರದಿ ಬರಲು ಹೊತ್ತು ಹಿಡಿಯಿತು. ಬಂದಾಗ ನಾನು ತರಿಸಿ ಓದಿದೆ. ಅಧ್ಯಕ್ಷರು ಅತ್ತಿಗೆಯ ಮಾತನ್ನು ಪೂರ್ತಿಯಾಗಿ, ಮರ್ಯಾದೆಯಿಂದ ಸೇರಿಸಿದ್ದರು. ಬೇರೆ ಬೆಳೆ, ಅದಕ್ಕೆ ಮಾರುಕಟ್ಟೆ, ಹೆಂಗಸರಿಗೆ ಚಿಕಿತ್ಸೆ, ಇವನ್ನೆಲ್ಲ ಮೊದಲು ಕೊಟ್ಟು ಆಮೇಲೆ ಸೊಪ್ಪನ್ನು ಕಡಿಮೆ ಮಾಡುತ್ತ ಬನ್ನಿ ಎಂದು ಶಿಫಾರಸು ಮಾಡಿದ್ದರು. ಸಂಘದ ಮನವಿ ಕೊನೆಯ ಅನುಬಂಧಗಳಲ್ಲಿ ಒಂದು ಸಾಲಾಗಿ ಇತ್ತು. ಯಾರೂ ಅದನ್ನು ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ, ಓದಿದರೋ ಇಲ್ಲವೋ ಅದೂ ಗೊತ್ತಿಲ್ಲ.

ಸರ್ಕಾರ ವರದಿಯನ್ನು ಒಪ್ಪಿತು. ಒಪ್ಪಿದ್ದರಲ್ಲಿ ಖರ್ಚಿಲ್ಲದ ಭಾಗ ಮೊದಲು ಜಾರಿಗೆ ಬಂತು. ಹೊಸ ಲೈಸೆನ್ಸ್ ನಿಂತಿತು, ಇದ್ದವರೂ ಬೆಳೆಯುವುದನ್ನು ಕಡಿಮೆ ಮಾಡಬೇಕಾಯಿತು. ಬೇರೆ ಬೆಳೆಯ ಭಾಗ ಪರಿಶೀಲನೆಯಲ್ಲಿದೆ ಎಂದರು. ಅದು ಪರಿಶೀಲನೆಯಲ್ಲೇ ಉಳಿಯಿತು. ಅತ್ತಿಗೆಯ ಮಾತು ವರದಿಯಿಂದ ಸಚಿವಾಲಯದ ಟಿಪ್ಪಣಿಗೆ, ಟಿಪ್ಪಣಿಯಿಂದ ನೀತಿಗೆ, ನೀತಿಯಿಂದ ಬೇರೆ ವರದಿಗಳಿಗೆ ಹೋಗುತ್ತ ಹೋಗುತ್ತ ಸಣ್ಣದಾಯಿತು. ಕೊನೆಗೆ ಉಳಿದದ್ದು, ಬೆಳೆಗಾರರ ಕುಟುಂಬದ ಮಹಿಳೆಯರೇ ಈ ಬೆಳೆಯನ್ನು ಬಿಡಬಯಸುತ್ತಾರೆ ಎಂಬ ಒಂದು ಸಾಲು. ಹೆಸರಿಲ್ಲ, ಊರಿಲ್ಲ, ಆ ಎರಡು ಮಕ್ಕಳಿಲ್ಲ, 'ಬೇರೆ ಬೆಳೆ ತೋರ್ಸಿ' ಇಲ್ಲ. ಸಿದ್ದಲಿಂಗಣ್ಣ ಹೊಸ ಬ್ಯಾರನ್ನಿನ ಗೋಡೆ ಒಡೆದು ಇಟ್ಟಿಗೆ ಮಾರಿ, ಕೊಡಗಿನ ತೋಟದ ಕೆಲಸಕ್ಕೆ ಹೋದ. ಕಪ್ಪುಹಲಗೆಯ ಮೇಲೆ ಬಾಣದ ಗುರುತು ಹಾಕುವುದನ್ನು ನಾನು ನಿಲ್ಲಿಸಿದೆ.

ಅತ್ತಿಗೆ ಅಂತರಸಂತೆಯ ಹತ್ತಿರ ತನ್ನ ತಮ್ಮನ ಮನೆಯಲ್ಲಿ ಉಳಿದಳು. ನಾನು ರಜೆಗೆಲ್ಲ ಅಲ್ಲಿಗೇ ಹೋಗುತ್ತಿದ್ದೆ. ಅಣ್ಣ ಒಂದು ಸಲ ಹೋಗಿದ್ದ. ಆ ದಿನ ನಾನೂ ಅಲ್ಲಿದ್ದೆ. ಅಂಗಳದಲ್ಲಿ ನಿಂತವನಿಗೆ ಅವಳು ಕಾಲಿಗೆ ನೀರು ಕೊಟ್ಟಳು, ಎಲೆ ಹಾಕಿ ಬಡಿಸಿದಳು. "ಸಾರು ಬುಡ್ಲಾ?" ಎಂದಳು. "ಸಾಕು" ಎಂದ. ಉಂಡು, ಸ್ವಲ್ಪ ಹೊತ್ತು ಕಂಬಕ್ಕೆ ಒರಗಿ ಕೂತು, "ಬತ್ತೀನಿ" ಎಂದು ಎದ್ದ. ಅವನು ಏನೋ ಹೇಳಲೆಂದೇ ಬಂದಿದ್ದಾನೆ ಎಂದು ನಮಗಿಬ್ಬರಿಗೂ ಗೊತ್ತಿತ್ತು. ಹೇಳಲಿಲ್ಲ. ಅತ್ತಿಗೆ ಅವನು ಉಂಡ ಎಲೆಯನ್ನು ಎತ್ತದೆ ಬಹಳ ಹೊತ್ತು ಹಾಗೇ ಬಿಟ್ಟಿದ್ದಳು.

ಹೋದ ವರ್ಷ ಜ್ವರ ಬಂದು ನಾಲ್ಕಾರು ದಿನದಲ್ಲಿ ಅವಳು ಹೋಗಿಬಿಟ್ಟಳು. ಅಣ್ಣ ಮುಟ್ಟುವ ಹೊತ್ತಿಗೆ ಮಾತು ನಿಂತಿತ್ತು. ಮಣ್ಣು ಮಾಡಿದ್ದು ತಮ್ಮನ ಹೊಲದ ಬದುವಿನಲ್ಲಿ.

ಈ ಸಲ ಬಸ್ಸಿನಲ್ಲಿ ನಾನು ಹೊರಟಿದ್ದು ಅಣ್ಣ ಕರೆದನೆಂದು. ದೆಹಲಿಯಿಂದ ಇನ್ನೊಂದು ಸಮಿತಿ ಹುಣಸೂರಿಗೆ ಬಂದಿತ್ತು. ಹಳೆಯ ನೀತಿಯನ್ನು ಮುಂದುವರಿಸಬೇಕೇ ಎಂದು ನೋಡಲು. ಅಣ್ಣ ಸಂಘ ಬಿಟ್ಟು ಎಷ್ಟೋ ಕಾಲವಾಗಿತ್ತು. ಸೊಪ್ಪನ್ನೂ ಬಿಟ್ಟಿದ್ದ. "ನಾನೂ ಮಾತಾಡ್ಬೇಕು, ಬಾರವ್ವ" ಎಂದಷ್ಟೇ ಫೋನಿನಲ್ಲಿ ಹೇಳಿದ್ದ.

ಈ ಸಮಿತಿಗೆ ಅವರದೇ ಅಧಿಕಾರಿ ದುಭಾಷಿ. ಜನರಿಗೆ ಒಂದು ಟಿಪ್ಪಣಿ ಹಂಚಿದ್ದರು, ಅದರಲ್ಲೂ ಆ ಒಂದು ಸಾಲು ಇತ್ತು. ಅಣ್ಣನ ಸರದಿ ಬಂದಾಗ ಅವನು ಕುರ್ಚಿಯ ಬೆನ್ನು ಹಿಡಿದುಕೊಂಡು ನಿಂತ.

"ನಾನು ಕಟ್ಟೆಮಳಲವಾಡಿ ನಂಜಪ್ಪ ಸ್ವಾಮಿ. ಹಿಂದೆ ಒಂದು ಆಯೋಗ ಬಂದಿತ್ತು. ಅದ್ರ ಮುಂದೆ ನನ್ ಹೆಂಡ್ತಿ ಮಾದೇವಿ ಮಾತಾಡಿದ್ಳು. ಅವ್ಳು ಯೋಳಿದ್ದು ಸುಳ್ಳು, ಅವ್ಳಿಗೆ ತಲೆ ಸರಿಯಿಲ್ಲ ಅಂತ ನಾನು ಸೈನ್ ಹಾಕ್ದೆ. ಅದು ಸುಳ್ಳಲ್ಲ ಸ್ವಾಮಿ, ನಿಜ. ಅವ್ಳು ಒಂದು ಮಾತು ಯೋಳ್ನಿಲ್ಲ, ಅದ್ನ ನಾನ್ ಯೋಳ್ತೀನಿ. ಎರಡನೇ ಸಲ ಬಸ್ರಾಗಿದ್ದಾಗ, ಇವತ್ತೊಂದಿನ ಸೊಪ್ಪು ಕಟ್ಟಲ್ಲ, ಮೈಯಲ್ಲಿ ಆಗ್ತಿಲ್ಲ ಅಂದ್ಳು. ಈ ಒಂದು ಬ್ಯಾರನ್ ತುಂಬ್ಬುಡ್ಲಿ, ಆಮೇಕೆ ಮಲಿಕೊ ಅಂದೆ. ಕಟ್ಟಿದ್ಳು. ಮಾರನೇ ದಿನ ಹೋಯ್ತು. ಅಷ್ಟು ಜನದ್ ಮುಂದೆ ಎಲ್ಲಾ ಯೋಳ್ದೋಳು ನನ್ ಮಾತು ಮಾತ್ರ ಯೋಳ್ನಿಲ್ಲ. ನನ್ ಮಾನ ಉಳ್ಸಿದ್ಳು. ನಾನು ಅವ್ಳಿಗೆ ತಲೆ ಸರಿಯಿಲ್ಲ ಅಂದೆ. ಇದ್ನ ಬರ್ಕಳಿ ಸ್ವಾಮಿ. ಬೇರೆ ಬೆಳೆ ತೋರ್ಸಿ ಅಂದಿದ್ಳು, ಅದ್ನೂ ಬರ್ಕಳಿ. ಅವ್ಳ ಹೆಸರೂ ಬರ್ಕಳಿ."

ಇಷ್ಟು ವರ್ಷ ಅತ್ತಿಗೆ ನನಗೂ ಅದನ್ನು ಹೇಳಿರಲಿಲ್ಲ.

ಅಧಿಕಾರಿ ಮುಂದೆ ಬಗ್ಗಿ ಇಂಗ್ಲಿಷಿನಲ್ಲಿ ಹೇಳಿದರು: ಇವರ ಪತ್ನಿ ಹಿಂದಿನ ಆಯೋಗಕ್ಕೆ ಹೇಳಿಕೆ ಕೊಟ್ಟಿದ್ದರಂತೆ, ಇವರು ಅದನ್ನು ಬೆಂಬಲಿಸುತ್ತಾರೆ.

ಅಣ್ಣ ನನ್ನ ಕಡೆ ತಿರುಗಿದ. "ನಾನ್ ಅಷ್ಟೊತ್ತು ಮಾತಾಡ್ದೆ ಗಿರಿಜಾ. ಇಂಗ್ಲಿಷ್ನಾಗೆ ಅಷ್ಟೇನಾ?"

ನಾನು ಎದ್ದು ಉಳಿದದ್ದನ್ನೆಲ್ಲ ಇಂಗ್ಲಿಷಿನಲ್ಲಿ ಹೇಳಿದೆ. ಅವರು ತಡೆಯಲಿಲ್ಲ, ಕೇಳಿಸಿಕೊಂಡರು. ಕೊನೆಗೆ ಅಧ್ಯಕ್ಷತೆ ವಹಿಸಿದ್ದ ಹೆಂಗಸು ಮೆಲ್ಲಗೆ ಹೇಳಿದರು: ನಮಗೆ ವಿಷಾದವಿದೆ, ಆದರೆ ಹಿಂದಿನ ಆಯೋಗದ ದಾಖಲೆಯನ್ನು ತಿದ್ದುವುದು ಈ ಸಮಿತಿಯ ವ್ಯಾಪ್ತಿಗೆ ಬರುವುದಿಲ್ಲ. ಮುಂದಿನವರ ಹೆಸರು ಕರೆದರು.

ಹೊರಗೆ ಬಂದ ಮೇಲೆ ಅಣ್ಣ ಊರಿನ ಬಸ್ಸು ಹತ್ತಲಿಲ್ಲ, ಹೆಗ್ಗಡದೇವನಕೋಟೆ ಕಡೆಯ ಬಸ್ಸು ಹತ್ತಿದ. ನಾನೂ ಹತ್ತಿದೆ. ಅಂತರಸಂತೆಯಲ್ಲಿ ಇಳಿದು, ಅತ್ತಿಗೆಯ ತಮ್ಮನ ಮನೆಗೂ ಹೋಗದೆ, ನೇರ ಹೊಲಕ್ಕೆ ನಡೆದ. ಅವಳನ್ನು ಮಣ್ಣು ಮಾಡಿದ ಕಡೆ ಹುಲ್ಲು ಎದ್ದಿತ್ತು. ಮಣ್ಣು ಒದ್ದೆ. ಅವನು ಅಲ್ಲೇ ಕುಕ್ಕರುಗಾಲಲ್ಲಿ ಕೂತ. ಚಪ್ಪಲಿ ಬಿಟ್ಟು ಪಕ್ಕಕ್ಕಿಟ್ಟ.

ನಾನು ದೂರ ನಿಂತೆ. ಅವನು ಮಾತಾಡತೊಡಗಿದ. ಅಷ್ಟು ಮಾತು ಅವನ ಬಾಯಿಂದ ಬಂದದ್ದನ್ನು ನಾನು ಎಂದೂ ಕೇಳಿರಲಿಲ್ಲ. ಗಾಳಿ ಆಚೆ ಕಡೆಗೆ ಬೀಸುತ್ತಿತ್ತು, ಒಂದೊಂದು ಪದ ಮಾತ್ರ ನನ್ನ ಕಡೆ ಬರುತ್ತಿತ್ತು.

ಹೊತ್ತು ಇಳಿಯಿತು. ಅತ್ತಿಗೆಯ ತಮ್ಮ ನಮ್ಮನ್ನು ನೋಡಿ ಬದುವಿನ ಮೇಲೆ ಓಡುತ್ತ ಬಂದ. ಇದು ಕಾಕನಕೋಟೆ ಕಾಡಿನ ಅಂಚು, ಕತ್ತಲಾದರೆ ಆನೆಗಳು ಇಳಿಯುತ್ತವೆ. "ಏಳಿ ಭಾವ, ಕೊನೇ ಬಸ್ಸು ಹೊಂಟೋಯ್ತದೆ" ಎಂದ.

ಅಣ್ಣ ತಲೆ ಎತ್ತಲಿಲ್ಲ.

"ತಡಿಯಪ್ಪ," ಎಂದ, "ಇನ್ನೂ ಮುಗ್ದಿಲ್ಲ."